ಬ್ರೌನ್ ಹಾರ್ಸ್: ಇಂಗ್ಲೆಂಡಿನ ಮೂಲೆಯಲ್ಲಿ ಕೂತು ಕಂಟ್ರಿ ಹಾಡೋದು

ಹಳೇರೇಡಿಯೊ

ಒಂದು ವಾರದಿಂದ ಮನೆಯಲ್ಲಿ ಒಂದೇ ಎಲ್‌ಪಿ ತಟ್ಟೆ ಓಡುತ್ತಿದೆ. 'ಈ ಕುದುರೆಗೆ ಇನ್ನೂ ಸುಸ್ತಾಗಿಲ್ವಾ?' ಅಂತ ಹೆಂಡತಿ ನಿನ್ನೆ ಕೇಳಿದಳು. ಅದಕ್ಕೇ ಇಲ್ಲಿ ಬಂದು ಹೇಳಿಕೊಳ್ಳುತ್ತಿದ್ದೇನೆ.

ಬ್ಯಾಂಡಿನ ಹೆಸರು ಬ್ರೌನ್ ಹಾರ್ಸ್. ಇಂಗ್ಲೆಂಡಿನ ಪೂರ್ವ ಮೂಲೆಯ ನಾರ್ವಿಚ್ ಊರಿನವರು. ಹಾಡೋದು 'ಆಲ್ಟ್ ಕಂಟ್ರಿ', ಅಮೆರಿಕದ ಕಂಟ್ರಿ ಸಂಗೀತದ ಒಂದು ಬಗೆ. 2018ರ ಸುಮಾರಿಗೆ ನಾಲ್ಕು ಜನ ಸೇರಿ ಪಬ್‌ಗಳಲ್ಲಿ ಜಾನಪದ ಧಾಟಿಯಲ್ಲಿ ಹಾಡುತ್ತಿದ್ದರಂತೆ. ಆಮೇಲೆ ಡ್ರಮ್ಸ್ ಬಂತು, ಎಲೆಕ್ಟ್ರಿಕ್ ಗಿಟಾರ್ ಬಂತು, ಪೆಡಲ್ ಸ್ಟೀಲ್ ಗಿಟಾರ್ ಬಂತು, ಜನ ಆರಾದರು. ಮೊದಲ ಆಲ್ಬಂ 'ರೆಸರ್ವಾಯರ್' ಬಂದಿದ್ದು 2024ರ ಜನವರಿಯಲ್ಲಿ, ಲೂಸ್ ಮ್ಯೂಸಿಕ್ ಅನ್ನೋ ಲಂಡನ್ನಿನ ಸಣ್ಣ ಕಂಪನಿಯಿಂದ. ಎರಡನೆಯದು 'ಆಲ್ ದ ರೈಟ್ ವೀಕ್‌ನೆಸಸ್', 2025ರ ಏಪ್ರಿಲ್‌ನಲ್ಲಿ. ಅಂದರೆ ಮೊದಲ ಆಲ್ಬಂ ತರೋಕೆ ಆರು ವರ್ಷ, ಎರಡನೆಯದಕ್ಕೆ ಹದಿನೈದು ತಿಂಗಳು.

ಈ ಆರು ವರ್ಷ ಅನ್ನೋದೇ ನನಗೆ ಇಷ್ಟವಾಗಿದ್ದು. ಒಂದು ಹಾಡು ಫೋನಿನಲ್ಲಿ ಹರಿದಾಡಿ ರಾತ್ರೋರಾತ್ರಿ ಹೆಸರು ಮಾಡಿದವರಲ್ಲ. ನುಡಿಸಿ ನುಡಿಸಿ ಮೇಲೆ ಬಂದವರು. ತಟ್ಟೆಯಲ್ಲೂ ಅದು ಗೊತ್ತಾಗುತ್ತೆ. ಎಲ್ಲರೂ ಒಂದೇ ಕೋಣೆಯಲ್ಲಿ ಕೂತು ಒಟ್ಟಿಗೆ ನುಡಿಸಿ, ಕೆಲವೇ ದಿನಗಳಲ್ಲಿ ಮುಗಿಸಿದ ಕೆಲಸ. ಹಾಡುಗಾರ ಪ್ಯಾಟ್ರಿಕ್ ಟರ್ನರ್ ದನಿ ಈಗ ಒಡೆಯುತ್ತೆ, ಈಗ ಒಡೆಯುತ್ತೆ ಅನ್ನಿಸುತ್ತೆ. ಒಡೆಯೋದಿಲ್ಲ.

ಒಂದು ಬೇಜಾರು. ಎಲ್‌ಪಿ ತರಿಸಿಕೊಂಡೆ. ದಾರಿಯಲ್ಲಿ ಎಲ್ಲಿ ಬಿಸಿಲಿಗೆ ಇಟ್ಟಿದ್ದರೋ, ಹಪ್ಪಳದ ಹಾಗೆ ಬಗ್ಗಿ ಬಂದಿದೆ. ಆದರೂ ಓಡುತ್ತೆ.

ಯಾರಾದರೂ ಕೇಳಿದ್ದೀರಾ?

ಸೀದಾಮಾತು

ಕೇಳಿದೆ ಸರ್, ನೀವು ಹೇಳಿದ್ದಕ್ಕೆ ನಾಲ್ಕು ಹಾಡು ಕೇಳಿದೆ. ಕೆಟ್ಟದಾಗಿಲ್ಲ. ಆದರೆ ಒಂದು ಮಾತು ಕೇಳ್ತೀನಿ, ಬೇಜಾರು ಮಾಡ್ಕೋಬೇಡಿ. ಇದು ಅಮೆರಿಕದ ಹಳ್ಳಿಯವರ ಸಂಗೀತ ಅಲ್ವಾ? ಇಂಗ್ಲೆಂಡಿನ ಹುಡುಗ ಹುಡುಗಿಯರು ಯಾಕೆ ಆ ಟೋಪಿ ಹಾಕ್ಕೋಬೇಕು? ದನಿ ಕೂಡ ಅಟ್ಲಾಂಟಿಕ್ ಮಧ್ಯದಲ್ಲಿ ಎಲ್ಲೋ ತೇಲುತ್ತಿದೆ. ಅತ್ತ ಕೆಂಟಕಿಯೂ ಅಲ್ಲ, ಇತ್ತ ನಾರ್ವಿಚ್ಚೂ ಅಲ್ಲ.

ಮತ್ತೆ ಈ 'ಆಲ್ಟ್' ಅಂದರೆ ಏನು? ಕಂಟ್ರಿಗೆ ಯಾಕೆ ಇನ್ನೊಂದು ಬಾಲ?

ಛತ್ರಿಬೇಕು

ಮೊದಲು ಒಂದು ತಿದ್ದುಪಡಿ. ನಾರ್ವಿಚ್ ಅಲ್ಲ, ನಾರಿಚ್. ಇಲ್ಲಿನ ಹಳಬರು 'ನಾರಿಜ್' ಅಂತಲೇ ಅನ್ನುತ್ತಾರೆ. ನಾನು ಇಲ್ಲಿ ಬಂದು ಏಳು ವರ್ಷವಾಯ್ತು. ಬಂದ ಮೊದಲ ದಿನ ಸ್ಟೇಷನ್ನಿನಲ್ಲಿ 'ನಾರ್ವಿಚ್' ಅಂದು ಟಿಕೆಟ್ ಕೇಳಿ ನಗೆಪಾಟಲಾಗಿದ್ದೆ.

ಎರಡನೆಯದು, ಟೋಪಿ ಯಾರೂ ಹಾಕಿಕೊಂಡಿಲ್ಲ! ನಮ್ಮೂರಲ್ಲೇ ಒಂದು ಸಣ್ಣ ಜಾಗದಲ್ಲಿ ಅವರನ್ನು ನೋಡಿದ್ದೇನೆ. ಸ್ವೆಟರ್, ಹಳೆ ಅಂಗಿ. ಬೆಳಿಗ್ಗೆ ಕೆಲಸಕ್ಕೆ ಹೋಗಿ ಸಂಜೆ ಹಾಗೇ ಬಂದವರ ಥರ ಇದ್ದರು. ವೇದಿಕೆ ಎಷ್ಟು ಚಿಕ್ಕದು ಅಂದರೆ ಅಕಾರ್ಡಿಯನ್ ನುಡಿಸುವವರು ತಿದಿ ಎಳೆದಾಗೆಲ್ಲ ಪಕ್ಕದವರು ಅರ್ಧ ಹೆಜ್ಜೆ ಸರಿಯಬೇಕಿತ್ತು.

ಬೆಳಗಿನಬಸ್ಸು

'ಆಲ್ಟ್' ಬಗ್ಗೆ ನಾನು ಹೇಳ್ಲಾ? ನಾನು ಇದೇ ಗುಂಗಿನಲ್ಲಿ ಇರೋಳು.

ಅಮೆರಿಕದಲ್ಲಿ ಕಂಟ್ರಿಯ ರಾಜಧಾನಿಯಂತಿರುವ ನ್ಯಾಶ್‌ವಿಲ್‌ನಲ್ಲಿ ಮಿರಿ ಮಿರಿ ಮಿಂಚುವ ಕಂಟ್ರಿ ಒಂದಿದೆ. ರೇಡಿಯೊಗೆ ಅಂತಲೇ ಪಾಲಿಶ್ ಹಾಕಿದ್ದು. ಅದಕ್ಕೆ ಸೊಪ್ಪು ಹಾಕದವರು, ಪಂಕ್ ಅನ್ನೋ ಒರಟು ರಾಕ್ ಕೇಳಿ ಬೆಳೆದವರು, ಹಳೆ ಕಂಟ್ರಿ ಹಾಡುಗಳ ಸಂಕಟವನ್ನೂ ಗಿಟಾರ್ ಗದ್ದಲವನ್ನೂ ಒಟ್ಟಿಗೆ ಇಟ್ಟರು. ಇಲಿನಾಯ್ ರಾಜ್ಯದ ಬೆಲ್‌ವಿಲ್ ಅನ್ನೋ ಊರಿನ ಅಂಕಲ್ ಟುಪೆಲೊ 1990ರಲ್ಲಿ 'ನೋ ಡಿಪ್ರೆಷನ್' ಅನ್ನೋ ಆಲ್ಬಂ ತಂದರು. 1995ರಲ್ಲಿ ಅದೇ ಹೆಸರಿನ ಪತ್ರಿಕೆಯೂ ಶುರುವಾಯ್ತು. ಆ ಬ್ಯಾಂಡ್ ಒಡೆದು ಒಂದು ತುಂಡು ವಿಲ್ಕೊ ಆಯ್ತು, ಇನ್ನೊಂದು ಸನ್ ವೋಲ್ಟ್. ಆಲ್ಟ್ ಕಂಟ್ರಿ ಅಂದರೆ ಜನ ಮೊದಲು ಹೇಳೋದು ಇವರನ್ನೇ.

ಆದರೆ ಮಜಾ ಏನು ಗೊತ್ತಾ? ಅದಕ್ಕೂ ಐದು ವರ್ಷ ಮುಂಚೆ, 1985ರಲ್ಲಿ, ಇಂಗ್ಲೆಂಡಿನ ಲೀಡ್ಸ್‌ನ ಮೀಕಾನ್ಸ್ ಬ್ಯಾಂಡ್ 'ಫಿಯರ್ ಆ್ಯಂಡ್ ವಿಸ್ಕಿ' ತಂದಿತ್ತು. ಇವರು 1977ರ ಪಂಕ್ ಬ್ಯಾಂಡ್. ಗಣಿ ಕಾರ್ಮಿಕರ ಮುಷ್ಕರ ಒಂದು ವರ್ಷ ನಡೆದು 1985ರ ಮಾರ್ಚ್‌ನಲ್ಲಿ ಸೋತು ಮುಗಿದಿತ್ತು. ಆ ಸೋಲಿನ ದಿನಗಳಲ್ಲಿ ಈ ಪಂಕ್‌ನವರಿಗೆ ಹಳೆ ಕಂಟ್ರಿಯ ದೊಡ್ಡ ಹಾಡುಗಾರ ಹ್ಯಾಂಕ್ ವಿಲಿಯಮ್ಸ್ ಹಾಡುಗಳಲ್ಲಿ ತಮ್ಮ ಮಾತು ಕೇಳಿಸಿತು. ಪಿಟೀಲು ಇಟ್ಟುಕೊಂಡು ಕುಡುಕರ ಕಂಟ್ರಿ ಹಾಡಿದರು. ಆಲ್ಟ್ ಕಂಟ್ರಿಯ ಮೊದಲ ಆಲ್ಬಂ ಇದೇ ಅಂತ ವಾದ ಮಾಡೋರು ಬಹಳ ಜನ ಇದ್ದಾರೆ. ಅಂದರೆ ಸೀದಾಮಾತು ಅಣ್ಣ, ಬ್ರಿಟಿಷರು ಈ ಮನೆಗೆ ಬಂದ ನೆಂಟರಲ್ಲ. ಪಾಯ ತೋಡುವಾಗಲೇ ಇದ್ದವರು.

ಸೀದಾಮಾತು

ಗಣಿ ಮುಷ್ಕರ ಸರಿ. ಅಲ್ಲಿ ಒಂದು ಕಾರಣ ಇದೆ. ಈ ಕುದುರೆಯವರಿಗೆ ಏನು ಕಾರಣ? ಅವರ ಮೊದಲ ಆಲ್ಬಂನಲ್ಲಿ 'ಪಾಲ್ ಗಿಲಿ' ಅಂತ ಒಂದು ಹಾಡಿದೆ. ಹುಡುಕಿ ನೋಡಿದೆ. ಆತ ಕೆಂಟಕಿಯ ಕವಿ. ಹ್ಯಾಂಕ್ ವಿಲಿಯಮ್ಸ್ ಹೆಸರಿನಲ್ಲಿ ಬಂದ ಕೆಲವು ದೊಡ್ಡ ಹಾಡುಗಳನ್ನು ನಿಜವಾಗಿ ಬರೆದವನು ಅವನೇ ಅಂತ ಅವನ ಊರಿನವರ ಮಾತು. 1957ರಲ್ಲಿ, ಇನ್ನೂ ಮೂವತ್ತು ತುಂಬುವ ಮುಂಚೆ, ನೀರಿನಲ್ಲಿ ಮುಳುಗಿ ಸತ್ತ. ಕಥೆ ಚೆನ್ನಾಗಿದೆ. ಆದರೆ ಇದು ನಾರಿಚ್‌ನ ಕಥೆಯಾ? (ನೋಡಿ, ಸರಿಯಾಗಿ ಬರೆದೆ.) ನಿಮ್ಮೂರ ಹೊಳೆ ಬಿಟ್ಟು ಕೆಂಟಕಿ ಹೊಳೆಗೆ ಯಾಕೆ ಹೋಗಬೇಕು?

ಹಳೇರೇಡಿಯೊ

ನನಗೆ ಆ ಹಾಡು ಬೇರೆ ಥರ ಕೇಳಿಸಿತು. ಬರೆದವನು ಒಬ್ಬ, ಹೆಸರು ಇನ್ನೊಬ್ಬನದು. ಸಣ್ಣ ಊರಲ್ಲಿ ಕೂತು ಹಾಡು ಕಟ್ಟೋರಿಗೆಲ್ಲ ಇರುವ ಭಯ ಅದು. ಅದಕ್ಕೆ ಪಾಸ್‌ಪೋರ್ಟ್ ಬೇಡ.

ಛತ್ರಿಬೇಕು

ನಾನೊಂದು ಊರಿನ ವಿಷಯ ಹೇಳುತ್ತೇನೆ, ಪುರುಸೊತ್ತಿದ್ದರೆ ಓದಿ.

ನಾರಿಚ್ ಇರುವ ನಾರ್ಫೋಕ್ ಜಿಲ್ಲೆ ಅಂದರೆ ಚಪ್ಪಟೆ ನೆಲ. ಗುಡ್ಡ ಅನ್ನೋದು ಲೆಕ್ಕಕ್ಕಿಲ್ಲ. ಬೀಟ್‌ರೂಟ್ ಜಾತಿಯ ಸಕ್ಕರೆ ಗೆಡ್ಡೆ ಬೆಳೆಯುವ ಹೊಲ, ಕಾಲುವೆ, ಜೌಗು, ಮೇಲೆ ಇಷ್ಟಗಲ ಆಕಾಶ. ನನ್ನ ತವರು ಹಾವೇರಿ ಕಡೆ. ಹತ್ತಿ ಬಿಡಿಸಿದ ಮೇಲಿನ ಹೊಲ ನೋಡಿದ ಹಾಗೇ ಅನ್ನಿಸುತ್ತೆ, ಚಳಿ ಒಂದು ಬಿಟ್ಟರೆ. ಲಂಡನ್ನಿಗೆ ರೈಲಿನಲ್ಲಿ ಎರಡು ಗಂಟೆ ದಾರಿ. ಆದರೆ ಲಂಡನ್ನಿನವರಿಗೆ ಇದು ದೇಶದ ಅಂಚು. ಇಲ್ಲಿಂದ ಮುಂದೆ ಎಲ್ಲಿಗೂ ಹೋಗೋದಿಲ್ಲ, ಸಮುದ್ರವೇ. ಬ್ಯಾಂಡ್‌ಗಳು ಪ್ರವಾಸಕ್ಕೆ ಹೊರಟರೆ ದಾರಿ ಮೇಲೆ ಸಿಗುವ ಊರಲ್ಲ ಇದು.

ಇನ್ನು ಅಮೆರಿಕ. ಎರಡನೇ ಮಹಾಯುದ್ಧದಲ್ಲಿ ನಾರ್ಫೋಕ್ ಹೊಲಗಳ ನಡುವೆ ಅಮೆರಿಕದ ಬಾಂಬರ್ ವಿಮಾನಗಳ ನೆಲೆಗಳಿದ್ದವು. ಸಾವಿರಾರು ಅಮೆರಿಕನ್ ಹುಡುಗರು ಇಲ್ಲಿಂದ ಹಾರಿದರು, ಬಹಳ ಜನ ವಾಪಸ್ ಬರಲಿಲ್ಲ. ಅವರ ನೆನಪಿಗೆ ನಾರಿಚ್‌ನ ಲೈಬ್ರರಿಯಲ್ಲಿ ಒಂದು ಅಮೆರಿಕನ್ ವಿಭಾಗವೇ ಇದೆ. 1963ರಲ್ಲಿ ತೆರೆದದ್ದು. 1994ರಲ್ಲಿ ಲೈಬ್ರರಿಗೆ ಬೆಂಕಿ ಬಿದ್ದು ಅದೂ ಸುಟ್ಟಿತು, ಮತ್ತೆ ಕಟ್ಟಿದರು. ಪಕ್ಕದ ಸಫೋಕ್‌ನ ಲೇಕನ್‌ಹೀತ್‌ನಲ್ಲಿ ಅಮೆರಿಕದ ವಾಯುಪಡೆ ಇವತ್ತಿಗೂ ಇದೆ. ನಮ್ಮ ಓಣಿಯ ಎಂಬತ್ತು ದಾಟಿದ ಅಜ್ಜಿಯೊಬ್ಬರ ಮನೆಯಲ್ಲಿ ಹಳೆ ಕಂಟ್ರಿ ತಟ್ಟೆಗಳ ಒಂದು ಅಟ್ಟಿಯೇ ಇದೆ. 'ನಮ್ಮ ಕಾಲದಲ್ಲಿ ಇದೇ ಕೇಳ್ತಿದ್ದೆವು' ಅಂತಾರೆ.

ಇದರಿಂದಲೇ ಬ್ರೌನ್ ಹಾರ್ಸ್ ಹುಟ್ಟಿತು ಅಂತ ನಾನು ಹೇಳೋದಿಲ್ಲ. ಅವರ ಕಿವಿಗೆ ನೀಲ್ ಯಂಗ್, ಅಂಕಲ್ ಟುಪೆಲೊ ಬಿದ್ದಿರೋದು ತಟ್ಟೆ, ಫೋನಿನಿಂದಲೇ ಇರಬೇಕು. ಆದರೆ ಈ ನೆಲಕ್ಕೆ ಆ ಸಂಗೀತ ಹೊಸದಲ್ಲ ಅಂತ ಅಷ್ಟೇ.

ತಂತಿಪುರಾಣ

ಎಲ್ಲರೂ ಊರು ಕೇರಿ ಮಾತಾಡ್ತಿದ್ದೀರಿ, ವಾದ್ಯದ ಬಗ್ಗೆ ಯಾರೂ ಮಾತಾಡ್ತಿಲ್ಲವಲ್ಲ! ಈ ಬ್ಯಾಂಡಿನ ಜೀವ ಇರೋದು ಎಮ್ಮಾ ಟೊವೆಲ್ ಅವರ ಪೆಡಲ್ ಸ್ಟೀಲ್‌ನಲ್ಲಿ.

ಇಪ್ಪತ್ತು ವರ್ಷದಿಂದ ಸ್ಲೈಡ್ ಗಿಟಾರ್ ನುಡಿಸುತ್ತಿದ್ದೇನೆ. ಪೆಡಲ್ ಸ್ಟೀಲ್ ಮುಂದೆ ಒಮ್ಮೆ ಕೂತಿದ್ದೆ, ಹತ್ತೇ ನಿಮಿಷ. ಟ್ರ್ಯಾಕ್ಟರ್ ಓಡಿಸೋದು ಸುಲಭ. ಮೇಜಿನ ಥರ ಕಾಲಿನ ಮೇಲೆ ನಿಂತಿರುತ್ತೆ. ಹತ್ತು ತಂತಿ. ಎಡಗೈಯಲ್ಲಿ ಉಕ್ಕಿನ ಸರಳು, ನಮ್ಮ ಗೋಟುವಾದ್ಯದ ಹಾಗೆ ತಂತಿಯ ಮೇಲೆ ಜಾರಿಸಬೇಕು. ಬಲಗೈ ಬೆರಳಿಗೆ ಪಿಕ್ ಹಾಕಿ ಮೀಟಬೇಕು. ಬಲಗಾಲು ವಾಲ್ಯೂಮ್ ಪೆಡಲ್ ಮೇಲೆ. ಎಡಗಾಲಿಗೆ ಮೂರು ಪೆಡಲ್. ಎರಡೂ ಮಂಡಿಗಳ ಪಕ್ಕ ಸನ್ನೆಕೋಲುಗಳು, ಅವನ್ನು ಮಂಡಿಯಿಂದಲೇ ತಳ್ಳಬೇಕು. ಸುಮ್ಮನಿರೋದು ಮೂಗು ಒಂದೇ.

ಅದರ ಗುಟ್ಟು ಹೇಳ್ತೀನಿ. ಕಂಟ್ರಿಯವರು ಇಡುವ ಸಾಮಾನ್ಯ ಶ್ರುತಿಯಲ್ಲಿ ಬಿಡಿ ತಂತಿಗಳಲ್ಲೇ ಸ ಗ ಪ ಸಿಗುತ್ತೆ ಅಂತ ಇಟ್ಟುಕೊಳ್ಳಿ. ಮೊದಲ ಪೆಡಲ್ ಒತ್ತಿದರೆ 'ಪ' ತಂತಿ ಬಿಗಿಯಾಗಿ 'ಧ'ಕ್ಕೆ ಏರುತ್ತೆ. ಎರಡನೆಯದು ಒತ್ತಿದರೆ 'ಗ' ಹೋಗಿ 'ಮ'. 'ಸ' ಮಾತ್ರ ನಿಂತಲ್ಲೇ ನಿಂತಿರುತ್ತೆ. ಸ ಗ ಪ ಇದ್ದದ್ದು ಕಣ್ಣೆದುರೇ ಸ ಮ ಧ ಆಗುತ್ತೆ, ಕೈಯೇ ಕದಲಿಸದೆ. ಸರಳು ಜಾರಿಸಿದರೆ ಎಲ್ಲ ಸ್ವರವೂ ಒಟ್ಟಿಗೆ ಜಾರುತ್ತವೆ. ಇಲ್ಲಿ ಹಾಗಲ್ಲ. ಒಂದು ನಿಂತಿರುವಾಗ ಇನ್ನೊಂದು ಅದರ ಪಕ್ಕದಿಂದ ಎದ್ದು ಹೋಗುತ್ತೆ. ಕೇಳುವವರಿಗೆ ಕರುಳು ಚುರುಕ್ ಅನ್ನೋದು ಅಲ್ಲೇ.

ನ್ಯಾಶ್‌ವಿಲ್‌ನಲ್ಲಿ ಇದನ್ನು ಮೇಲೋಗರದ ಥರ ಬಳಸುತ್ತಾರೆ, ಹಾಡಿನ ಸಾಲು ಮುಗಿದಾಗ ಒಂದು ಚಮಚ. ಇವರು ಹಾಗೆ ಮಾಡಿಲ್ಲ. ನೈಲ್ ಹಾಲಿಹ್ಯಾನ್ ಗಿಟಾರ್ ಗರ್ಜಿಸುವಾಗ ಸ್ಟೀಲ್ ಕೂಡ ಒರಟಾಗಿ ಅದರ ಜೊತೆ ಜಗಳಕ್ಕೆ ನಿಲ್ಲುತ್ತೆ. ಎರಡನೇ ಆಲ್ಬಂನಲ್ಲಿ ಇದು ಇನ್ನೂ ಜಾಸ್ತಿ. ಮೊದಲನೆಯದು ಮನೆಯಲ್ಲಿ ಕೂತವರ ಸಂಗೀತ, ಎರಡನೆಯದು ವ್ಯಾನಿನಿಂದ ಇಳಿದವರ ಸಂಗೀತ. ನನಗೆ ಎರಡನೆಯದೇ ಇಷ್ಟ, ಹಳೇರೇಡಿಯೊ ಸರ್ ಒಪ್ಪಲ್ಲ ಅಂತ ಗೊತ್ತು.

ಹಳೇರೇಡಿಯೊ

ಒಪ್ಪಲ್ಲ.

ಬೆಳಗಿನಬಸ್ಸು

ಸೀದಾಮಾತು ಅಣ್ಣನಿಗೆ ಇನ್ನೊಂದು. ಈ ಹಾಡುಗಳ ಬೇರು ಬ್ರಿಟನ್ನಿನಲ್ಲೇ ಇದೆ. ಜಾನಪದ ಹಾಡು ಕೂಡಿಡುತ್ತಿದ್ದ ಇಂಗ್ಲೆಂಡಿನ ಸೆಸಿಲ್ ಶಾರ್ಪ್ ಮತ್ತು ಮಾಡ್ ಕಾರ್ಪಲಿಸ್ 1916ರಿಂದ 1918ರವರೆಗೆ ಅಮೆರಿಕದ ಅಪಲೇಶಿಯನ್ ಬೆಟ್ಟಗಳಲ್ಲಿ ಸುತ್ತಿ ಹಾಡು ಬರೆದುಕೊಂಡರು. ಇಂಗ್ಲೆಂಡಿನಲ್ಲಿ ಮರೆತೇಹೋಗುತ್ತಿದ್ದ ಹಳೆ ಕಥನಗೀತೆಗಳು ಅಲ್ಲಿನ ಹಳ್ಳಿಯವರ ಬಾಯಲ್ಲಿದ್ದವು. ಅಂದರೆ ಹೋದ ಹಾಡು ಮನೆಗೆ ಬಂದಿದೆ ಅಷ್ಟೇ.

ಸೀದಾಮಾತು

ತಂಗಿ, ಈ ವಾದ ನನಗೆ ಹಿಡಿಸೋದಿಲ್ಲ. ಬ್ಯಾಂಜೊ ಎಲ್ಲಿಯದು? ಆಫ್ರಿಕಾದಿಂದ ಗುಲಾಮರಾಗಿ ಬಂದವರ ಕೈಯಲ್ಲಿ ಹುಟ್ಟಿದ್ದು. ಸ್ಟೀಲ್ ಗಿಟಾರ್ ಎಲ್ಲಿಯದು? ಹವಾಯಿ. ಶಾರ್ಪ್ ಸಾಹೇಬರು ಬೆಟ್ಟದಲ್ಲಿ ಹುಡುಕಿದ್ದು ಇಂಗ್ಲಿಷ್ ಹಾಡುಗಳನ್ನು, ಸಿಕ್ಕಿದ್ದೂ ಅದೇ. ಕಪ್ಪು ಜನರ ಹಾಡುಗಳ ಕಡೆ ಅವರ ಕಿವಿ ಹೋಗಲಿಲ್ಲ. 'ನಮ್ಮದೇ ವಾಪಸ್ ಬಂತು' ಅಂದರೆ ನಡುವೆ ಕೈ ಹಾಕಿದವರ ಲೆಕ್ಕ ಅಳಿಸಿ ಹಾಕಿದ ಹಾಗೆ.

ಬೆಳಗಿನಬಸ್ಸು

ಇದನ್ನು ಒಪ್ಪಿದೆ. 'ಮನೆಗೆ ಬಂದಿದೆ' ಅನ್ನೋದು ತಪ್ಪು ಮಾತು. ಬರುವಾಗ ಬಹಳ ಮನೆ ಊಟ ಮಾಡಿ ಬಂದಿದೆ.

ಪೆಟ್ಟಿಗೆಮಾಸ್ತರ

ನಮಸ್ಕಾರ. ನಾನು ಹಾರ್ಮೋನಿಯಂ ರಿಪೇರಿ ಮಾಡುವವನು, ಗದಗದ ಕಡೆ. ನಮ್ಮಲ್ಲಿ ಅದಕ್ಕೆ ಪೆಟ್ಟಿಗೆ ಅಂತೇವಿ. ಕಂಟ್ರಿ ಗಿಂಟ್ರಿ ನನಗೆ ತಿಳಿಯೋದಿಲ್ಲ. ಅಕಾರ್ಡಿಯನ್ ಅಂದದ್ದಕ್ಕೆ ಕೇಳಿದೆ.

ಅಕಾರ್ಡಿಯನ್ ಅಂದರೆ ನಮ್ಮ ಪೆಟ್ಟಿಗೆಯ ಅಣ್ಣ. ಅದು 1829ರಲ್ಲಿ ವಿಯೆನ್ನಾದಲ್ಲಿ ನೋಂದಣಿ ಆದದ್ದು, ಹಾರ್ಮೋನಿಯಂ ಪ್ಯಾರಿಸ್‌ನಲ್ಲಿ ಅದಾದ ಹತ್ತು ಹನ್ನೆರಡು ವರ್ಷಕ್ಕೆ. ಒಳಗೆ ಎರಡರಲ್ಲೂ ಹಿತ್ತಾಳೆಯದೋ ಉಕ್ಕಿನದೋ ರೀಡು, ಗಾಳಿ ತಾಗಿದರೆ ನಡುಗುತ್ತೆ. ಇವರಲ್ಲಿ ಅದನ್ನು ನುಡಿಸುವವರು ರೋವನ್ ಬ್ರಹಾಮ್ ಅಂತ ಓದಿದೆ. ಹೆಚ್ಚು ಬೆರಳು ಓಡಿಸೋದಿಲ್ಲ. ಸ್ವರ ಹಿಡಿದು ನಿಲ್ಲುತ್ತಾರೆ. ಭಜನೆಯಲ್ಲಿ ಪೆಟ್ಟಿಗೆ ಹಿಡಿದ ಹಾಗೆ.

ನಮ್ಮ ಪೆಟ್ಟಿಗೆಗೆ ಒಂದು ಹಳೆ ಆರೋಪ ಇದೆ. ಮೀಂಡ್ ಬರೋದಿಲ್ಲ, ಜಾರೋದಿಲ್ಲ ಅಂತ. ಅದಕ್ಕೇ 1940ರಿಂದ 1971ರವರೆಗೆ ಆಕಾಶವಾಣಿಯಲ್ಲಿ ಅದನ್ನು ಹೊರಗಿಟ್ಟಿದ್ದರು. ಈ ಬ್ಯಾಂಡಿನಲ್ಲಿ ಆ ದೋಷವೇ ಗುಣ ಆಗಿದೆ ನೋಡ್ರಿ. ಅಕಾರ್ಡಿಯನ್ ಕದಲದೆ ನಿಂತಿರುತ್ತೆ, ಆ ತಂತಿ ವಾದ್ಯ ಅದರ ಸುತ್ತ ಜಾರುತ್ತೆ. ಗೂಟ ಗಟ್ಟಿ ಇದ್ದರೇನೇ ದನ ಸುತ್ತು ಹೊಡೆಯೋದು.

ತಂತಿಪುರಾಣ

ಮಾಸ್ತರರೇ, ನಾನು ಇಷ್ಟುದ್ದ ಬರೆದು ಹೇಳಲಾಗದ್ದನ್ನು ಗೂಟ ದನದಲ್ಲಿ ಮುಗಿಸಿಬಿಟ್ಟಿರಿ.

ಗಲ್ಲಾಪೆಟ್ಟಿಗೆ

ಕಲೆ ಎಲ್ಲ ಸರಿ. ಆರು ಜನ, ಒಂದು ವ್ಯಾನು, ಪಬ್ ಸಂಪಾದನೆ. ಹೊಟ್ಟೆಪಾಡು ಹೇಗೆ? ಮತ್ತೆ ಪಾಪ್ ತಾರೆ ಬಿಯಾನ್ಸೆ ಕಂಟ್ರಿ ಆಲ್ಬಂ ಮಾಡಿದ ಮೇಲೆ ಎಲ್ಲರೂ ಇದೇ ಹಿಡಿದರು ಅಲ್ವಾ? ಗಾಳಿ ಬಂದಾಗ ತೂರಿಕೊಂಡವರು ಅನ್ನಿಸುತ್ತೆ.

ಬೆಳಗಿನಬಸ್ಸು

ತಾರೀಖು ನೋಡಿ. 'ರೆಸರ್ವಾಯರ್' ಬಂದದ್ದು 2024ರ ಜನವರಿ. ಬಿಯಾನ್ಸೆಯ ಆ ಆಲ್ಬಂನಿಂದ ಮೊದಲು ಹಾಡು ಬಂದದ್ದು ಫೆಬ್ರವರಿ, ಆಲ್ಬಂ ಮಾರ್ಚ್. ಅದೂ ಅಲ್ಲದೆ ಬ್ರಿಟನ್ನಿನಲ್ಲಿ ಈ ಗಾಳಿ ಮುಂಚೆಯೇ ಇತ್ತು. ಲಂಡನ್ನಿನ ಓ2 ಸಭಾಂಗಣದಲ್ಲಿ ಕಂಟ್ರಿ ಟು ಕಂಟ್ರಿ ಹಬ್ಬ ಶುರುವಾಗಿದ್ದು 2013ರಲ್ಲಿ. 2015ರಲ್ಲಿ ದಿ ಶೈರ್ಸ್ ಅನ್ನೋ ಜೋಡಿ ಅಲ್ಲಿನ ಆಲ್ಬಂ ಪಟ್ಟಿಯ ಮೊದಲ ಹತ್ತರೊಳಗೆ ಬಂತು, ಬ್ರಿಟಿಷ್ ಕಂಟ್ರಿಯವರಲ್ಲಿ ಮೊದಲ ಸಲ. ಆದರೆ ಅದು ಪಾಲಿಶ್ ಹಾಕಿದ ಕಂಟ್ರಿ. ಬ್ರೌನ್ ಹಾರ್ಸ್ ಅವರ ಸಾಲಿನವರಲ್ಲ.

ಇವರ ಜೊತೆ ಇಡಬೇಕಾದವರು ಬೇರೆ. ನಾಟಿಂಗ್‌ಹ್ಯಾಮ್‌ನ ಡಿವೋರ್ಸ್ ಕೇಳಿ, 2025ರ ಮಾರ್ಚ್‌ನಲ್ಲಿ ಮೊದಲ ಆಲ್ಬಂ ಬಂತು. ಮ್ಯಾಂಚೆಸ್ಟರ್‌ನ ವೆಸ್ಟ್‌ಸೈಡ್ ಕೌಬಾಯ್ ಕೇಳಿ. 2025ರಲ್ಲಿ ಗ್ಲಾಸ್ಟನ್‌ಬರಿ ಹಬ್ಬದವರು ಹೊಸಬರಿಗೆ ಇಡುವ ಸ್ಪರ್ಧೆ ಗೆದ್ದರು. ತಮ್ಮ ಸಂಗೀತಕ್ಕೆ ಅವರೇ ಇಟ್ಟ ಹೆಸರು 'ಬ್ರಿಟೇನಿಕಾನ'. ಈ ಬಗೆಯ ಸಂಗೀತಕ್ಕೆ ಇರುವ 'ಅಮೆರಿಕಾನ' ಅನ್ನೋ ಹೆಸರಿಗೆ ಕೀಟಲೆ. ಮೂರೂ ಬ್ಯಾಂಡ್ ಲಂಡನ್ನಿನ ಆಚೆಯವು ಅನ್ನೋದನ್ನು ಗಮನಿಸಿ.

ಛತ್ರಿಬೇಕು

ಹಣದ ವಿಷಯಕ್ಕೆ. ಇಲ್ಲಿ ಸಣ್ಣ ಸಂಗೀತ ಜಾಗಗಳ ಪರವಾಗಿ ಮ್ಯೂಸಿಕ್ ವೆನ್ಯೂ ಟ್ರಸ್ಟ್ ಅನ್ನೋ ಸಂಸ್ಥೆ ಇದೆ. 2023 ಒಂದೇ ವರ್ಷದಲ್ಲಿ ಅಂಥ 125 ಜಾಗಗಳು ಮುಚ್ಚಿದವು ಅಥವಾ ಸಂಗೀತ ನಿಲ್ಲಿಸಿದವು ಅಂತ ಅವರ ವರದಿ. ಉಳಿದವರ ಲಾಭ ನೂರಕ್ಕೆ ಅರ್ಧ ಪೌಂಡ್. ಜಾಗದವರಿಗೇ ಹೀಗಾದರೆ ಅಲ್ಲಿ ನುಡಿಸುವವರಿಗೆ ಇನ್ನೇನು ಸಿಗುತ್ತೆ? ಯುರೋಪಿಗೆ ಹೋಗೋಣ ಅಂದರೆ ಬ್ರೆಕ್ಸಿಟ್ ಆದ ಮೇಲೆ 180 ದಿನದಲ್ಲಿ 90 ದಿನ ಮಾತ್ರ ಇರಬಹುದು. ವ್ಯಾನಿನಲ್ಲಿ ಸರಕಾಗಿ ಕಳಿಸುವ ವಾದ್ಯಗಳಿಗೆ ಕಾಗದಪತ್ರ, ಮಾರುವ ತಟ್ಟೆ, ಟಿ ಶರ್ಟಿಗೆ ಸುಂಕ. ಒಬ್ಬನೇ ಗಿಟಾರ್ ಹಿಡಿದು ಹೋದರೆ ಹೇಗೋ ನಡೆಯುತ್ತೆ. ಆರು ಜನ, ಒಂದು ಪೆಡಲ್ ಸ್ಟೀಲ್, ಒಂದು ಅಕಾರ್ಡಿಯನ್ ಅಂದರೆ ಅಸಲು ಹುಟ್ಟೋದೇ ಕಷ್ಟ.

ಅದಕ್ಕೇ ಲೂಸ್ ಥರದ ಕಂಪನಿ ಮುಖ್ಯ. 1998ರಿಂದ ಇದೇ ಬಗೆಯ ಸಂಗೀತ ಹೊರತರುತ್ತಿದ್ದಾರೆ, ಬಹುತೇಕ ಅಮೆರಿಕದವರದ್ದು. ಸ್ಟರ್ಜಿಲ್ ಸಿಂಪ್ಸನ್, ಕೋರ್ಟ್ನಿ ಮರೀ ಆಂಡ್ರ್ಯೂಸ್ ಇಲ್ಲಿನವರ ಕಿವಿಗೆ ಬಿದ್ದದ್ದು ಇವರ ಮೂಲಕ. ಅಮೆರಿಕದವರನ್ನು ಇಲ್ಲಿಗೆ ತಂದು ಕೇಳಿಸುತ್ತಿದ್ದವರು ಮನೆ ಹಿತ್ತಲಿನವರನ್ನು ಹಿಡಿದರು. ಒಳ್ಳೇ ವಿಷಯ ಅಂತ ನನಗನ್ನಿಸುತ್ತೆ.

ನಾನು ನೋಡಿದ ದಿನ ಆಟ ಮುಗಿದ ಐದೇ ನಿಮಿಷಕ್ಕೆ ಅವರಲ್ಲೇ ಒಬ್ಬರು ಮೇಜಿನ ಹಿಂದೆ ನಿಂತು ತಟ್ಟೆ ಮಾರುತ್ತಿದ್ದರು. ಕೈ ಇನ್ನೂ ಬೆವರಿತ್ತು. ಚಿಲ್ಲರೆ ಇರಲಿಲ್ಲ, ಎರಡು ಪೌಂಡ್ ಬಿಟ್ಟು ಬಂದೆ.

ಸೀದಾಮಾತು

ಮೀಕಾನ್ಸ್ ಕೇಳಿದೆ. ಅದು ಹಿಡಿಸಿತು. ಕುದುರೆ ಇನ್ನೂ ಹಿಡಿಸಿಲ್ಲ, ಆದರೆ ಆ ಗೂಟದ ಮಾತು ಓದಿದ ಮೇಲೆ ಅಕಾರ್ಡಿಯನ್ ಒಂದೇ ಕೇಳಿಸುತ್ತಿದೆ. ಎಲ್ಲ ಮಾಸ್ತರರ ಕೃಪೆ.

ಹಳೇರೇಡಿಯೊ

ಈಗ ನನಗೊಂದು ಅನುಮಾನ ಬಂದಿದೆ. ಮೊದಲ ಮಗ್ಗುಲಿನ ಶುರುವಿನಲ್ಲಿ ಸ್ಟೀಲ್ ತುಂಬಾ ತೂಗಾಡುತ್ತೆ. ವಾರವಿಡೀ 'ಆಹಾ, ಏನು ಜಾರು' ಅಂದುಕೊಂಡು ಕೇಳಿದೆ. ಇವತ್ತು ಮಗನ ಫೋನಿನಲ್ಲಿ ಅದೇ ಹಾಡು ಕೇಳಿದರೆ ಅಷ್ಟು ತೂಗಾಟ ಇಲ್ಲ. ಅದು ಎಮ್ಮಾ ಟೊವೆಲ್ ಅವರ ಕೈಚಳಕವೋ ಬಗ್ಗಿದ ತಟ್ಟೆಯೋ?

ತಂತಿಪುರಾಣ

ಎಲ್‌ಪಿ ಒಂದು ಸುತ್ತು ಬರೋಕೆ 1.8 ಸೆಕೆಂಡ್. ತೂಗಾಟ ಸರಿಯಾಗಿ ಅದೇ ಲೆಕ್ಕದಲ್ಲಿ ಬಂದರೆ ತಟ್ಟೆ. ಲೆಕ್ಕ ತಪ್ಪಿ ಬಂದರೆ ಟೊವೆಲ್.

ಪೆಟ್ಟಿಗೆಮಾಸ್ತರ

ಗಡಿಯಾರ ಯಾಕ್ರೀ? ಅಕಾರ್ಡಿಯನ್ ಕೇಳ್ರಿ. ಎರಡು ರೀಡು ಸ್ವಲ್ಪ ಆಚೀಚೆ ಕೂರಿಸಿದ್ದರೆ ಅದರಲ್ಲೂ ನಡುಕ ಇರುತ್ತೆ, ಆದರೆ ಅದು ಬೇಗ ಬೇಗ ಬರುವ ನಡುಕ. ನಿಧಾನಕ್ಕೆ ಏರಿ ಇಳಿಯೋದಿಲ್ಲ. ಅದೂ ತೂಗಾಡಿತು ಅಂದರೆ ತಟ್ಟೆಯದೇ ತಪ್ಪು. ಎರಡು ದಪ್ಪ ಗಾಜಿನ ನಡುವೆ ಇಟ್ಟು ಮೇಲೆ ಭಾರ ಹೇರಿ ಹತ್ತು ದಿನ ಬಿಡ್ರಿ. ಬಿಸಿಲಿಗೆ ಮಾತ್ರ ಇಡಬ್ಯಾಡ್ರಿ.

ಹಳೇರೇಡಿಯೊ

ಕೇಳಿದೆ. ಅಕಾರ್ಡಿಯನ್ನೂ ತೂಗಾಡುತ್ತಿದೆ.

ಗಾಜಿನ ಅಂಗಡಿಗೆ ಹೊರಟೆ. ಹೆಂಡತಿ ಹತ್ತು ದಿನ ಅಂದಿದ್ದಕ್ಕೆ ಖುಷಿಯಾಗಿದ್ದಾಳೆ.